ಓಡುವವಳ ಗಳಿಕೆ ಯಾರ ಪಾಲು?

ಗಂಡಸು ಊರು ಬಿಟ್ಟು ಓಡಿಹೋದರೆ ಸಾಲಗಾರರ ಕಾಟಕ್ಕೆ ಹೋದ ಎನ್ನುತ್ತೇವೆ, ನಾಲ್ಕು ದಿನದಲ್ಲಿ ಮರೆಯುತ್ತೇವೆ. ಹೆಣ್ಣು ಹೋದರೆ ಮಾತ್ರ ‘ಓಡಿಹೋದವಳು’ ಎಂಬುದು ಅವಳ ಹೆಸರಿಗೇ ಅಂಟಿಕೊಂಡು, ಅವಳ ತಂಗಿಯ ಮದುವೆಯ ಮಾತುಕತೆಯವರೆಗೂ ಬರುತ್ತದೆ. ಇಂಥ ಸಮಾಜದಲ್ಲಿ ಓಟವನ್ನೇ ವೃತ್ತಿಯಾಗಿ ಹಿಡಿಯಹೊರಟ ಹೆಣ್ಣುಮಗಳ ಗತಿ ಏನಾಗುತ್ತದೆ ಎಂಬುದನ್ನು ಬರೆಯಬೇಕೆಂದು ಬಹಳ ವರ್ಷಗಳಿಂದ ಅಂದುಕೊಂಡಿದ್ದೆ. ಬರೆಯಲು ನಾಚಿಕೆ ಅಡ್ಡ ಬಂತು. ಆ ಕಥೆಯಲ್ಲಿ ನನ್ನ ಪಾತ್ರವೂ ಇದೆ.

ಈಗ ಬರೆಯಲು ಕಾರಣ ಒಂದು ಭಾಷಣ. ಈಚೆಗೆ ನಮ್ಮ ಕಡೆಯ ಕಾಲೇಜೊಂದರ ಮಹಿಳಾ ದಿನಾಚರಣೆಗೆ ನನ್ನನ್ನೂ ಕರೆದಿದ್ದರು. ವೇದಿಕೆಯ ಮೇಲಿದ್ದ ಗಣ್ಯರೊಬ್ಬರು, “ಹೆಣ್ಣುಮಕ್ಕಳನ್ನು ಕರಾಟೆಗೆ ಹಾಕಿ, ಓಟಕ್ಕೆ ಹಾಕಿ, ಮೈಯಲ್ಲಿ ಬಲ ಬರಲಿ, ಕೈಯಲ್ಲಿ ಒಂದು ನೌಕರಿ ಇರಲಿ, ಆಮೇಲೆ ಯಾವ ಗಂಡ ಹೊಡೆಯುತ್ತಾನೆ ನೋಡೋಣ” ಎಂದರು. ಸಭೆಯಲ್ಲಿ ದೊಡ್ಡ ಚಪ್ಪಾಳೆ ಬಿತ್ತು. ಹುಡುಗಿಯರೇ ಹೆಚ್ಚು ತಟ್ಟಿದರು. ನನಗೆ ಕೈ ಏಳಲಿಲ್ಲ. ಮೈಯಲ್ಲಿ ಬಲವೂ ಕೈಯಲ್ಲಿ ನೌಕರಿಯೂ ಇದ್ದ ಒಬ್ಬಳು ನನ್ನ ಕಣ್ಣ ಮುಂದೆ ಬಂದು ನಿಂತಳು.

ಇದು ಒಳ್ಳೆಯ ಮನಸ್ಸಿನಿಂದ ಆಡಿದ ಮಾತೇ ಇರಬಹುದು. ಆದರೂ ಇದು ಅಪಾಯದ ಮಾತು. ಪೆಟ್ಟು ತಿಂದವಳು ದುರ್ಬಲಳಾಗಿದ್ದಳು, ಅದಕ್ಕೇ ತಿಂದಳು ಎಂಬುದು ಇದರ ಹೊಟ್ಟೆಯೊಳಗೆ ಅಡಗಿರುವ ಅರ್ಥ. ಹೊಡೆದವನ ಬಗ್ಗೆ ಇದರಲ್ಲಿ ಚಕಾರವಿಲ್ಲ.

ನನ್ನ ವಿದ್ಯಾರ್ಥಿನಿ

ನಾನು ರಾಮನಗರದ ಕಡೆಯ ಕಾಲೇಜಿನಲ್ಲಿ ಇತಿಹಾಸ ಕಲಿಸಿದವಳು. ಆಗ ನಮ್ಮೂರು ಬೆಂಗಳೂರು ಗ್ರಾಮಾಂತರಕ್ಕೆ ಸೇರಿತ್ತು. 2007ರಲ್ಲಿ ಅದೇ ಒಂದು ಜಿಲ್ಲೆಯಾಯಿತು, 2025ರಲ್ಲಿ ಆ ಜಿಲ್ಲೆಯ ಹೆಸರು ಬೆಂಗಳೂರು ದಕ್ಷಿಣ ಎಂದಾಯಿತು. 1990ರ ದಶಕದಲ್ಲಿ ನಮ್ಮ ಕಾಲೇಜಿನ ದೈಹಿಕ ಶಿಕ್ಷಣ ಅಧ್ಯಾಪಕರು ಗಂಡಸರು. ಹುಡುಗಿಯರನ್ನು ಕ್ರೀಡಾಕೂಟಕ್ಕೆ ಕರೆದುಕೊಂಡು ಹೋಗಬೇಕಾದರೆ ಜೊತೆಗೊಬ್ಬ ಅಧ್ಯಾಪಕಿ ಇರಲೇಬೇಕೆಂಬ ನಿಯಮವಿತ್ತು. ವಯಸ್ಸಿನಲ್ಲಿ ಚಿಕ್ಕವಳೆಂದು ಆ ಕೆಲಸ ನನ್ನ ತಲೆಗೆ ಬಂತು. ಹಾಗಾಗಿ ಆಟವೆಂದರೆ ಏನೆಂದೇ ತಿಳಿಯದ ನಾನು ಬೆಂಗಳೂರು ವಿಶ್ವವಿದ್ಯಾಲಯದ ಅಂತರ ಕಾಲೇಜು ಕೂಟಗಳಲ್ಲಿ ಹುಡುಗಿಯರ ಚೀಲ ಕಾಯುತ್ತ, ಗ್ಲೂಕೋಸ್ ಕಲಸಿ ಕೊಡುತ್ತ, ಓಟವನ್ನು ನೋಡುವುದನ್ನು ಕಲಿತೆ.

ಅವರಲ್ಲಿ ಒಬ್ಬಳು 800 ಮೀಟರ್ ಓಡುತ್ತಿದ್ದಳು. ಕನಕಪುರ ರಸ್ತೆಯ ಒಳಗಿನ ಒಂದು ಹಳ್ಳಿ. ಮನೆಯಲ್ಲಿ ರೇಷ್ಮೆ ಸಾಕಣೆ. ನಸುಕಿನಲ್ಲೆದ್ದು ಹಿಪ್ಪುನೇರಳೆ ಸೊಪ್ಪು ಕೊಯ್ದು, ಹುಳುವಿಗೆ ಹಾಕಿ, ಕೆರೆ ಏರಿಯ ಮೇಲೆ ನಾಲ್ಕು ಸಲ ಹೋಗಿ ಬಂದು ಓಡಿ, ಆಮೇಲೆ ಬಸ್ಸು ಹಿಡಿದು ಕಾಲೇಜಿಗೆ ಬರುತ್ತಿದ್ದಳು. ಮೊದಲ ವರ್ಷ ಬರಿಗಾಲಿನಲ್ಲೇ ಓಡಿದಳು.

800 ಮೀಟರ್ ಎಂದರೆ ಮೈದಾನಕ್ಕೆ ಎರಡು ಸುತ್ತು. ನೂರು ಮೀಟರಿನಂತೆ ಕಣ್ಣುಮುಚ್ಚಿ ತೆಗೆಯುವುದರೊಳಗೆ ಮುಗಿಯುವುದಿಲ್ಲ, ಹತ್ತು ಸಾವಿರ ಮೀಟರಿನಂತೆ ತಡೆದು ತಡೆದು ಓಡಲೂ ಆಗುವುದಿಲ್ಲ. ಮೊದಲ ಸುತ್ತಿನಲ್ಲಿ ಹುಮ್ಮಸ್ಸಿಗೆ ಬಿದ್ದವಳು ಎರಡನೆಯದರಲ್ಲಿ ಸಾಯುತ್ತಾಳೆ. ಗಂಟೆ ಹೊಡೆದ ಮೇಲೆ, ಇನ್ನು ಇನ್ನೂರು ಮೀಟರ್ ಇದೆ ಎನ್ನುವಾಗ ತೊಡೆ ಕಲ್ಲಾಗುತ್ತದೆ, ಉಸಿರು ಸಾಲುವುದಿಲ್ಲ. ಅಲ್ಲಿ ತನ್ನದೊಂದು ಲೆಕ್ಕ ಉಳಿಸಿಕೊಂಡವಳು ಗೆಲ್ಲುತ್ತಾಳೆ. ಇದನ್ನೆಲ್ಲ ನನಗೆ ಹೇಳಿಕೊಟ್ಟವಳು ಅವಳೇ, ಪ್ಯಾಸೆಂಜರ್ ರೈಲಿನಲ್ಲಿ ಕಡಲೆಕಾಯಿ ಸುಲಿಯುತ್ತ.

ಎರಡು ವರ್ಷ ಗೆದ್ದಳು. ಇಪ್ಪತ್ತೊಂದನೆಯ ವಯಸ್ಸಿಗೆ ಕ್ರೀಡಾ ಕೋಟಾದಲ್ಲಿ ಕೇಂದ್ರ ಸರ್ಕಾರದ ಇಲಾಖೆಯೊಂದರಲ್ಲಿ ಕೆಲಸ ಸಿಕ್ಕಿತು. ನಮ್ಮ ದೇಶದಲ್ಲಿ ವೃತ್ತಿಪರ ಓಟಗಾರ್ತಿ ಎಂದರೆ ಬಹುಪಾಲು ಇದೇ: ರೈಲ್ವೆ, ಪೊಲೀಸ್, ಬ್ಯಾಂಕು, ಆಹಾರ ನಿಗಮ, ಇಂಥ ಕಡೆ ಒಂದು ನೌಕರಿ. ಬೆಳಿಗ್ಗೆ ಸಂಜೆ ಅಭ್ಯಾಸ, ಕೂಟಗಳಿಗೆ ಹೋಗಲು ವಿಶೇಷ ರಜೆ, ಪದಕ ಬಂದರೆ ಬಡ್ತಿ. ಬಹುಮಾನದ ಹಣಕ್ಕಿಂತ ತಿಂಗಳ ಸಂಬಳವೇ ದೊಡ್ಡದು. ಹಳ್ಳಿಯ ಹುಡುಗಿಗೆ ಕಾಲು ತಂದುಕೊಟ್ಟ ಆಸ್ತಿ ಅದು.

ಕೆಲಸದ ಪತ್ರದ ಹಿಂದೆಯೇ ಗಂಡುಗಳು ಬಂದವು. ಚನ್ನಪಟ್ಟಣದ ಕಡೆಯ ಒಂದು ಮನೆಯವರು, “ನಮಗೆ ಏನೂ ಬ್ಯಾಡ, ಹುಡುಗಿ ಕೊಟ್ರೆ ಸಾಕು” ಎಂದರು. ಆ ಕಾಲಕ್ಕೆ, ಆ ಜಾತಿಯಲ್ಲಿ, ಅದು ಕೇಳರಿಯದ ಮಾತು. ಅವಳಪ್ಪ ನನ್ನ ಬಳಿ ಬಂದು, “ನೋಡಿ ಮೇಡಂ, ನೀವು ಪಾಠ ಮಾಡ್ತಿದ್ರಲ್ಲ, ಅಂಥದೇ ಮನೆ ಸಿಕ್ತು” ಎಂದು ಕಣ್ಣೀರು ಹಾಕಿಕೊಂಡರು. ನಾನು ಮದುವೆಗೆ ಹೋದೆ, ಎರಡು ಒಬ್ಬಟ್ಟು ಹೆಚ್ಚಿಗೆ ತಿಂದೆ. ಅಷ್ಟಕ್ಕೇ ಸುಮ್ಮನಾಗದೆ, ತರಗತಿಯಲ್ಲಿ ಆ ಗಂಡನ್ನು ಉದಾಹರಣೆಯಾಗಿ ಹೇಳಿದೆ. ವರದಕ್ಷಿಣೆ ಬೇಡವೆಂದ ಯುವಕ!

ಕಂತಿನ ವರದಕ್ಷಿಣೆ

ಮೊದಲ ತಿಂಗಳ ಸಂಬಳ ಅತ್ತೆಯ ಕೈಗೆ ಹೋಯಿತು. ಅದು ಮರ್ಯಾದೆ, ಆಗಲಿ ಎಂದುಕೊಂಡಳಂತೆ. ಎರಡನೆಯದು ಗಂಡನ ಸ್ಕೂಟರಿನ ಸಾಲಕ್ಕೆ. ಅಲ್ಲಿಂದ ಮುಂದೆ ಮೈದುನನ ನಿವೇಶನ, ನಾದಿನಿಯ ಮದುವೆ. ನಾದಿನಿಯ ಮದುವೆಗೆ ವರದಕ್ಷಿಣೆ ಕೊಟ್ಟರು. ಒಬ್ಬಳ ಕಾಲಿನ ದುಡಿಮೆ ಇನ್ನೊಬ್ಬಳ ವರದಕ್ಷಿಣೆಯಾಯಿತು.

ಆರು ತಿಂಗಳೊಳಗೆ ಅಭ್ಯಾಸ ನಿಂತಿತು. ಕತ್ತಲಲ್ಲಿ ಎದ್ದು ಮೈದಾನಕ್ಕೆ ಹೋದರೆ ಮನೆಯ ಬಾಗಿಲಿಗೆ ನೀರು ಹಾಕುವವರು ಯಾರು? ಮೊಣಕಾಲು ಕಾಣುವ ಬಟ್ಟೆ ಹಾಕಿಕೊಂಡು ಗಂಡಸರ ಮುಂದೆ ಓಡುವವಳನ್ನು ಸೊಸೆ ಎಂದು ಹೇಗೆ ತೋರಿಸುವುದು? ಆದರೆ ನೌಕರಿ ಬಿಡು ಎಂದು ಆ ಮನೆಯಲ್ಲಿ ಯಾರೂ ಒಂದು ದಿನವೂ ಹೇಳಲಿಲ್ಲ. ಇಲ್ಲೇ ಎಲ್ಲ ಗುಟ್ಟು ಇರುವುದು. ಅವರಿಗೆ ಅವಳ ಓಟ ಬೇಡವಾಗಿತ್ತು, ಓಟ ತಂದುಕೊಟ್ಟ ಸಂಬಳ ಬೇಕಾಗಿತ್ತು.

ವರ್ಷ ಕಳೆದ ಮೇಲೆ ಒಂದು ದಿನ ಕಾಲೇಜಿಗೆ ಬಂದಳು. ತೋಳಿನ ಮೇಲೆ ಹಸಿರುಗಟ್ಟಿದ ಗುರುತಿತ್ತು. ಸಂಬಳದಲ್ಲಿ ಒಂದು ಜೊತೆ ಓಟದ ಬೂಟು ಕೊಂಡದ್ದಕ್ಕೆ ಜಗಳವಾಗಿತ್ತು. ಎಂ.ಎ. ಓದಿದ, ಮಹಿಳಾ ವಿಚಾರ ಸಂಕಿರಣಗಳಲ್ಲಿ ಪ್ರಬಂಧ ಮಂಡಿಸುತ್ತಿದ್ದ ನಾನು ಹೇಳಿದ್ದು ಇಷ್ಟು: “ಸ್ವಲ್ಪ ಹೊಂದಿಕೊಂಡು ಹೋಗಮ್ಮ. ವರದಕ್ಷಿಣೆ ಕೇಳದ ಮನೆ ಅದು.” ಅವಳು ತಲೆ ಆಡಿಸಿ ಹೋದಳು. ಆ ಮಾತನ್ನು ನಾನು ಇವತ್ತಿಗೂ ನುಂಗಲಾರೆ, ಉಗುಳಲಾರೆ.

ನಾಲ್ಕನೆಯ ವರ್ಷ ಗಂಡ ಅವಳ ಪ್ರಮಾಣಪತ್ರಗಳನ್ನೆಲ್ಲ ಬಚ್ಚಲ ಒಲೆಗೆ ಹಾಕಿ ನೀರು ಕಾಯಿಸಿದ. ಆ ರಾತ್ರಿ ಉಟ್ಟ ಬಟ್ಟೆಯಲ್ಲಿ ಹೊರಟು ತವರಿಗೆ ಬಂದಳು. ಊರವರು ಏನೆಂದರು ಎಂಬುದನ್ನು ಮೊದಲ ಸಾಲಿನಲ್ಲೇ ಬರೆದಿದ್ದೇನೆ. ದೂರು ಕೊಡಲು ನಾನೂ ಜೊತೆಗೆ ಹೋದೆ, ತಡವಾಗಿಯಾದರೂ. ಠಾಣೆಯಲ್ಲಿ ಕೇಳಿದರು: “ವರದಕ್ಷಿಣೆ ಎಷ್ಟು ಕೊಟ್ಟಿದ್ರಿ?” ಅವಳಪ್ಪ, “ಏನೂ ಕೊಟ್ಟಿಲ್ಲ ಸ್ವಾಮಿ” ಎಂದರು. “ಹಂಗಾದ್ರೆ ಕೇಸು ಎಲ್ಲಿಂದ ಬತ್ತದೆ? ಕೂತು ಮಾತಾಡ್ಕೊಳಿ.”

ನಲವತ್ತೆಂಟು ತಿಂಗಳ ಸಂಬಳ ಕೊಟ್ಟಿದ್ದಳು. ಅದು ಅಪ್ಪನಿಗೂ ಕಾಣಲಿಲ್ಲ, ಪೊಲೀಸರಿಗೂ ಕಾಣಲಿಲ್ಲ, ನನಗೂ ಕಂಡಿರಲಿಲ್ಲ. ಮದುವೆಯ ದಿನ ಹರಿವಾಣದಲ್ಲಿಟ್ಟು ಕೊಟ್ಟದ್ದು ಮಾತ್ರ ವರದಕ್ಷಿಣೆ ಎಂದು ನಾವೆಲ್ಲ ತಿಳಿದಿದ್ದೆವು.

ಎರಡು ಸುತ್ತಿನ ಇತಿಹಾಸ

ಹೆಣ್ಣು 800 ಮೀಟರ್ ಓಡಬಹುದೋ ಬಾರದೋ ಎಂಬುದನ್ನು ಜಗತ್ತು ಬಹಳ ಕಾಲ ಚರ್ಚಿಸಿದೆ. 1928ರ ಆಮ್‌ಸ್ಟರ್‌ಡ್ಯಾಂ ಒಲಿಂಪಿಕ್ಸ್‌ನಲ್ಲಿ ಮೊದಲ ಬಾರಿಗೆ ಮಹಿಳೆಯರಿಗೆ ಈ ಓಟವಿಟ್ಟರು. ಜರ್ಮನಿಯ ಲೀನಾ ರಾಡ್ಕೆ 2 ನಿಮಿಷ 16.8 ಸೆಕೆಂಡಿನ ವಿಶ್ವದಾಖಲೆ ಮಾಡಿ ಗೆದ್ದಳು. ಆದರೆ ಹೆಂಗಸರು ದಾರಿಯುದ್ದಕ್ಕೂ ಕುಸಿದು ಬಿದ್ದರೆಂದು ಪತ್ರಿಕೆಗಳು ಉಪ್ಪುಖಾರ ಹಚ್ಚಿ ಬರೆದವು. ಓಟ ಮುಗಿಸಿ ಸುಸ್ತಾಗುವುದು ಗಂಡಸರಿಗೂ ಇದ್ದದ್ದೇ. ಅವರಿಗೆ ಅದು ಶೌರ್ಯ, ಇವರಿಗೆ ಅನರ್ಹತೆ. ಆ ನೆಪದಲ್ಲಿ ತೆಗೆದುಹಾಕಿದ ಓಟ ಮತ್ತೆ ಬಂದದ್ದು 1960ರ ರೋಮ್ ಒಲಿಂಪಿಕ್ಸ್‌ಗೆ, ಮೂವತ್ತೆರಡು ವರ್ಷಗಳ ನಂತರ. 1500 ಮೀಟರ್ ಸಿಗಲು 1972ರವರೆಗೆ ಕಾಯಬೇಕಾಯಿತು. ಹೆಣ್ಣಿಗೆ ಎರಡು ಸುತ್ತು ಹೆಚ್ಚಾಯಿತು ಎಂದವರೇ ಅವಳು ಮೂರು ಕೊಡ ನೀರು ಹೊತ್ತು ಮೈಲಿ ನಡೆಯುವುದನ್ನು ದಿನವೂ ನೋಡಿದ್ದರು.

ಈ ಓಟದ ಇನ್ನೊಂದು ಲೆಕ್ಕವನ್ನು ತಂದೆತಾಯಿಗಳು ಗಮನಿಸಬೇಕು. ಮಧ್ಯಮ ದೂರದ ಓಟಗಾರ್ತಿ ಹದಿನೆಂಟಕ್ಕೆ ಮಾಗುವುದಿಲ್ಲ. ಹೃದಯ, ಶ್ವಾಸಕೋಶ, ಸ್ನಾಯು ಎಲ್ಲವೂ ಹದಗೊಳ್ಳಲು ಎಂಟು ಹತ್ತು ವರ್ಷಗಳ ನಿತ್ಯದ ಅಭ್ಯಾಸ ಬೇಕು. ಬಂಗಾಳದ ಜ್ಯೋತಿರ್ಮಯಿ ಸಿಕ್ದರ್ 1998ರ ಬ್ಯಾಂಕಾಕ್ ಏಷ್ಯನ್ ಕ್ರೀಡಾಕೂಟದಲ್ಲಿ 800 ಮತ್ತು 1500 ಮೀಟರ್ ಎರಡರಲ್ಲೂ ಚಿನ್ನ ಗೆದ್ದಾಗ ಆಕೆಗೆ 29 ವರ್ಷ. ಇವತ್ತಿಗೂ ಹೆಸರಾಗಿರುವ 1983ರ ವಿಶ್ವದಾಖಲೆಯನ್ನು ಜರ್ಮಿಲಾ ಕ್ರಾಟೋಕ್ವಿಲೋವಾ ಮಾಡಿದ್ದು 32ನೆಯ ವಯಸ್ಸಿನಲ್ಲಿ. ಕೇರಳದಲ್ಲಿ ಹುಟ್ಟಿದ ಶೈನಿ ಅಬ್ರಹಾಂ 1985ರಲ್ಲಿ ಜಕಾರ್ತಾದಲ್ಲಿ ಏಷ್ಯಾದ ಚಾಂಪಿಯನ್ ಆದರು. ಈಜುಗಾರ ವಿಲ್ಸನ್ ಚೆರಿಯನ್ ಅವರನ್ನು ಮದುವೆಯಾದರು, ತಾಯಿಯಾದರು, ಆಹಾರ ನಿಗಮದ ನೌಕರಿ ಮಾಡಿದರು. 1992ರ ಬಾರ್ಸಿಲೋನಾ ಒಲಿಂಪಿಕ್ಸ್‌ನಲ್ಲಿ ದೇಶದ ಧ್ವಜ ಹಿಡಿದು ನಡೆದ ಮೊದಲ ಭಾರತೀಯ ಮಹಿಳೆ ಅವರು. 1995ರಲ್ಲಿ, ಮೂವತ್ತನೆಯ ವಯಸ್ಸಿನಲ್ಲಿ, ಮದ್ರಾಸಿನ ದಕ್ಷಿಣ ಏಷ್ಯಾ ಕೂಟದಲ್ಲಿ 1 ನಿಮಿಷ 59.85 ಸೆಕೆಂಡಿಗೆ 800 ಮೀಟರ್ ಮುಗಿಸಿ, ಎರಡು ನಿಮಿಷದ ಗಡಿ ಒಳಗೆ ಬಂದ ಮೊದಲ ಭಾರತೀಯಳಾದರು. ತಾಯಿಯಾದ ಮೇಲೆ ಓಟ ನಿಧಾನವಾಗಲಿಲ್ಲ, ವೇಗವಾಯಿತು.

ಈಗ ನಮ್ಮ ತಾಲ್ಲೂಕುಗಳ ಕಡೆ ತಿರುಗಿ ನೋಡಿ. ಮಾಗಡಿಯಿರಲಿ, ಕನಕಪುರವಿರಲಿ, ಇಪ್ಪತ್ತೊಂದು ಇಪ್ಪತ್ತೆರಡಕ್ಕೆ ಹುಡುಗಿಯ ಮದುವೆ. ಹಾಗೆಂದರೆ ಆಕೆಯ ಅತ್ಯುತ್ತಮ ಓಟ ಇನ್ನೂ ಏಳೆಂಟು ವರ್ಷ ದೂರದಲ್ಲಿರುವಾಗಲೇ ಗಂಟೆ ಹೊಡೆದು ಕೂಟ ಮುಗಿಯಿತು ಎನ್ನುತ್ತೇವೆ. “ನಮ್ಮಲ್ಲಿ ಪ್ರತಿಭೆ ಇಲ್ಲ” ಎಂದು ಕ್ರೀಡಾ ಇಲಾಖೆಯವರು ಆಮೇಲೆ ವರದಿ ಬರೆಯುತ್ತಾರೆ. ಕೊಡಗಿನ ಅಶ್ವಿನಿ ನಾಚಪ್ಪ 1980ರ ದಶಕದ ಕೊನೆಯಲ್ಲಿ ವೇಗದ ಓಟದಲ್ಲಿ ಹೆಸರು ಮಾಡಿ ಅರ್ಜುನ ಪ್ರಶಸ್ತಿ ಪಡೆದಾಗ ನಮ್ಮ ಪತ್ರಿಕೆಗಳು ಆಕೆಯ ಸೊಬಗನ್ನು ವರ್ಣಿಸಿದಷ್ಟು ಉತ್ಸಾಹದಿಂದ ಆ ಓಟದ ಹಿಂದಿನ ದುಡಿಮೆಯನ್ನು ಬರೆಯಲಿಲ್ಲ. ಹೆಣ್ಣಿನ ಓಟ ನಮಗೆ ನೋಡುವ ವಸ್ತು, ಅವಳ ಕೆಲಸವೆಂದು ಒಪ್ಪಲು ಇನ್ನೂ ಮನಸ್ಸಿಲ್ಲ.

ಗೂಡಿನ ಚೀಟಿ ಯಾರ ಹೆಸರಿಗೆ?

ರಾಮನಗರದ ಗೂಡಿನ ಮಾರುಕಟ್ಟೆಯನ್ನು ನೋಡಿದವರಿಗೆ ಇದು ಹೊಸ ವಿಷಯವಲ್ಲ. ಮೊಟ್ಟೆ ಒಡೆದ ದಿನದಿಂದ ನಾಲ್ಕು ಜ್ವರ ಕಳೆದು, ಹಣ್ಣಾದ ಹುಳುವನ್ನು ಚಂದ್ರಿಕೆಗೆ ಬಿಡುವವರೆಗೆ ಹೆಚ್ಚುಕಡಿಮೆ ಒಂದು ತಿಂಗಳು ಮನೆಯ ಹೆಂಗಸರಿಗೆ ನಿದ್ದೆಯಿಲ್ಲ. ಸೊಪ್ಪು ಕೊಯ್ಯುವುದು, ಹಿಕ್ಕೆ ತೆಗೆಯುವುದು, ರಾತ್ರಿ ಎದ್ದು ಮೇವು ಹಾಕುವುದು ಅವರ ಪಾಲು. ಗೂಡು ಕಟ್ಟಿದ ಮೇಲೆ ಮೂಟೆ ಹೊತ್ತು ಮಾರುಕಟ್ಟೆಗೆ ಹೋಗುವವನು ಗಂಡಸು. ತೂಕದ ಚೀಟಿ ಅವನ ಹೆಸರಿಗೆ, ಹಣ ಅವನ ಜೇಬಿಗೆ.

ಓಟಗಾರ್ತಿಯ ವಿಷಯದಲ್ಲೂ ಇದೇ ಆಗುತ್ತದೆ. ಇದು ರಾಮನಗರದ ಬಡತನದ ಕಥೆ ಮಾತ್ರ ಎಂದುಕೊಳ್ಳಬೇಡಿ. ದೂರದ ಓಟಕ್ಕೆ ಜಗತ್ತಿನ ತವರು ಎನಿಸಿದ ಕೀನ್ಯಾಕ್ಕೆ ಹೋಗಿ ನೋಡಿ. ಅಲ್ಲಿ ಹಳ್ಳಿಯ ಹುಡುಗಿ ಯುರೋಪಿನ ಕೂಟಗಳಲ್ಲಿ ಓಡಿ ಗೆದ್ದರೆ ಒಂದೇ ವರ್ಷದಲ್ಲಿ ಜಮೀನು, ಮನೆ, ಕಾರು ಬರುತ್ತವೆ. ಹಣದ ಜೊತೆಗೇ ತರಬೇತುದಾರ ಎಂದು, ವ್ಯವಹಾರ ನೋಡಿಕೊಳ್ಳುವವನು ಎಂದು, ಕೊನೆಗೆ ಗಂಡ ಎಂದು ಒಬ್ಬ ಬರುತ್ತಾನೆ.

ಆಗ್ನೆಸ್ ಟಿರೋಪ್ 2015ರಲ್ಲಿ ವಿಶ್ವ ಕ್ರಾಸ್ ಕಂಟ್ರಿ ಚಾಂಪಿಯನ್. 2021ರ ಟೋಕಿಯೊ ಒಲಿಂಪಿಕ್ಸ್‌ನ 5000 ಮೀಟರಿನಲ್ಲಿ ನಾಲ್ಕನೆಯವಳು. ಅದೇ ಸೆಪ್ಟೆಂಬರ್‌ನಲ್ಲಿ ಜರ್ಮನಿಯಲ್ಲಿ, ಮಹಿಳೆಯರೇ ಓಡುವ ಕೂಟದಲ್ಲಿ, 10 ಕಿಲೋಮೀಟರ್ ರಸ್ತೆ ಓಟದ ವಿಶ್ವದಾಖಲೆ ಮಾಡಿದಳು. ಒಂದು ತಿಂಗಳು ಕಳೆದು, ಅಕ್ಟೋಬರ್ 13ರಂದು, ಇಟೆನ್ ಊರಿನ ತನ್ನ ಮನೆಯಲ್ಲಿ ಇರಿತದಿಂದ ಸತ್ತುಬಿದ್ದಿದ್ದಳು. ವಯಸ್ಸು ಇಪ್ಪತ್ತೈದು. ಕೊಲೆಯ ಆರೋಪದ ಮೇಲೆ ಬಂಧನವಾದದ್ದು ಗಂಡನದು. ಆತ ಆರೋಪವನ್ನು ಒಪ್ಪಿಲ್ಲ.

ರೆಬೆಕಾ ಚೆಪ್ಟೆಗೈ ಉಗಾಂಡಾದವಳು, 2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಮ್ಯಾರಥಾನ್ ಓಡಿದವಳು. ಅಭ್ಯಾಸಕ್ಕೆ ಅನುಕೂಲವೆಂದು ಕೀನ್ಯಾದ ಎಂಡೆಬೆಸ್ ಎಂಬಲ್ಲಿ ಜಾಗ ಕೊಂಡು ಮನೆ ಕಟ್ಟಿದ್ದಳು. ಆ ಜಾಗದ ವಿಷಯದಲ್ಲಿ ಹಿಂದೆ ಜೊತೆಯಲ್ಲಿದ್ದ ಗಂಡಸಿನೊಂದಿಗೆ ತಕರಾರಿತ್ತು. ಒಲಿಂಪಿಕ್ಸ್‌ನಿಂದ ಬಂದು ತಿಂಗಳು ತುಂಬುವುದರೊಳಗೆ, ಸೆಪ್ಟೆಂಬರ್ 1ರಂದು, ಚರ್ಚಿನಿಂದ ಮಕ್ಕಳೊಂದಿಗೆ ಮನೆಗೆ ಬಂದವಳ ಮೇಲೆ ಅವನು ಪೆಟ್ರೋಲ್ ಸುರಿದು ಬೆಂಕಿ ಹಚ್ಚಿದ. ನಾಲ್ಕು ದಿನ ಒದ್ದಾಡಿ ಎಲ್ಡೊರೆಟ್‌ನ ಆಸ್ಪತ್ರೆಯಲ್ಲಿ ಪ್ರಾಣ ಬಿಟ್ಟಳು.

ಗೆಳತಿಯರೇ, ಬೆಂಕಿ ಎಂದ ಕೂಡಲೇ ನಮಗೆ ಏನು ನೆನಪಾಗುತ್ತದೆ? 1990ರ ದಶಕದಲ್ಲಿ ವಿಮೋಚನಾದ ಕಾರ್ಯಕರ್ತೆಯರು ಬೆಂಗಳೂರಿನ ವಿಕ್ಟೋರಿಯಾ ಆಸ್ಪತ್ರೆಯ ಸುಟ್ಟಗಾಯಗಳ ವಾರ್ಡಿನಲ್ಲಿ ಹಾಸಿಗೆಯಿಂದ ಹಾಸಿಗೆಗೆ ಹೋಗಿ ಕೇಳಿದ ಮಾತುಗಳು ನೆನಪಾಗುತ್ತವೆ. ಸ್ಟೌ ಸಿಡಿಯಿತು, ಸೀರೆಗೆ ಕಿಡಿ ತಾಗಿತು, ಹಾಲು ಕಾಯಿಸುವಾಗ ಆಯಿತು. ಸಿಡಿದ ಸ್ಟೌಗಳೆಲ್ಲ ಸೊಸೆಯರನ್ನೇ ಹುಡುಕಿಕೊಂಡು ಹೋಗುತ್ತಿದ್ದವು. ಅಲ್ಲಿ ಸೀಮೆಎಣ್ಣೆ, ಇಲ್ಲಿ ಪೆಟ್ರೋಲು. ಎರಡು ಕಡೆಯೂ ಜಗಳ ಆಸ್ತಿಯದು, ಸುಟ್ಟದ್ದು ಹೆಣ್ಣು.

42 ಕಿಲೋಮೀಟರ್ ಓಡಬಲ್ಲವಳು ತನ್ನ ಅಂಗಳದಿಂದ ಓಡಿ ಪಾರಾಗಲು ಆಗಲಿಲ್ಲ. ವೇದಿಕೆಯ ಮೇಲೆ ಕರಾಟೆ ಮಾತಾಡಿದ ಗಣ್ಯರಿಗೆ ನನ್ನ ಉತ್ತರ ಇದು. ಓಟ ಬೇಡ ಎಂದು ನಾನು ಹೇಳುತ್ತಿಲ್ಲ. ಸಾವಿರ ಸಲ ಓಡಲಿ. ಆದರೆ ಅವಳ ಸ್ನಾಯುವಿನ ಬಲವನ್ನು ತೋರಿಸಿ ನಮ್ಮ ಹೊಣೆಯಿಂದ ನಾವು ಜಾರಿಕೊಳ್ಳಬಾರದು. ಟಿರೋಪಳ ಸಾವಿನ ನಂತರ ಅವಳ ಜೊತೆಯ ಓಟಗಾರ್ತಿಯರೇ ಸೇರಿ ‘ಟಿರೋಪ್ಸ್ ಏಂಜಲ್ಸ್’ ಎಂಬ ಸಂಘಟನೆ ಕಟ್ಟಿದರು. ಮೈದಾನದಲ್ಲಿ ಒಬ್ಬರನ್ನೊಬ್ಬರು ಹಿಂದೆ ಹಾಕಲು ಓಡುವವರು ಮನೆಯ ವಿಷಯಕ್ಕೆ ಒಂದಾದರು. ನಮ್ಮ ಕ್ರೀಡಾಪಟುಗಳ ಸಂಘಗಳಲ್ಲಿ ಇಂಥದೊಂದು ಮಾತು ಎಂದಾದರೂ ಎದ್ದಿದೆಯೇ?

ಹೆಣ್ಣು ನೋಡುವ ಶಾಸ್ತ್ರ

ಓಡುವ ಹುಡುಗಿಯನ್ನು ಮದುವೆ ಮಾರುಕಟ್ಟೆ ಮೊದಲು ‘ಗಂಡುಬೀರಿ’ ಎನ್ನುತ್ತದೆ. ಬಿಸಿಲಿಗೆ ಕಪ್ಪಾದಳು, ಮೈಯಲ್ಲಿ ಮಾಂಸವಿಲ್ಲ, ಮಕ್ಕಳಾಗುತ್ತವೋ ಇಲ್ಲವೋ. ನನ್ನ ವಿದ್ಯಾರ್ಥಿನಿಯ ತಾಯಿಗೆ ಈ ಪ್ರಶ್ನೆ ಕೇಳದ ನೆಂಟರಿರಲಿಲ್ಲ. ಹೆಣ್ಣು ನೋಡುವ ಶಾಸ್ತ್ರದಲ್ಲಿ ನಡೆದು ತೋರಿಸು, ಹಾಡಿ ತೋರಿಸು ಎನ್ನುವ ಕಣ್ಣಿಗೂ ಕ್ರೀಡಾ ಮಂಡಳಿಗಳ ಕಣ್ಣಿಗೂ ದೊಡ್ಡ ವ್ಯತ್ಯಾಸವಿಲ್ಲ.

ನಮ್ಮ ನೆರೆಯ ತಮಿಳುನಾಡಿನ ಪುದುಕ್ಕೋಟೈ ಜಿಲ್ಲೆಯ ಶಾಂತಿ ಸೌಂದರರಾಜನ್ ಇಟ್ಟಿಗೆ ಗೂಡಿನ ಕೂಲಿಕಾರರ ಮಗಳು, ದಲಿತಳು. 2006ರ ದೋಹಾ ಏಷ್ಯನ್ ಕೂಟದಲ್ಲಿ 800 ಮೀಟರಿನಲ್ಲಿ ಬೆಳ್ಳಿ ಗೆದ್ದಳು. ಲಿಂಗ ಪರೀಕ್ಷೆಯ ಹೆಸರಿನಲ್ಲಿ ಆ ಪದಕವನ್ನು ಕಿತ್ತುಕೊಂಡರು. ಯಾವ ಮೋಸವನ್ನೂ ಮಾಡದ, ಹುಟ್ಟಿದಂದಿನಿಂದ ಹೆಣ್ಣಾಗಿಯೇ ಬೆಳೆದವಳ ಹೆಸರು ದೇಶದ ಪತ್ರಿಕೆಗಳಲ್ಲೆಲ್ಲ ಹರಾಜಾಯಿತು. ಮರುವರ್ಷ ಜೀವ ಕಳೆದುಕೊಳ್ಳಲು ಹೊರಟು ಬದುಕಿ ಉಳಿದಳು. 2012ರಲ್ಲಿ ಮತ್ತೆ ಇಟ್ಟಿಗೆ ಗೂಡಿನ ಕೂಲಿಗೆ ಹೋಗುತ್ತಿದ್ದಳೆಂಬ ಸುದ್ದಿ ಬಂತು. ಮುಂದೆ ತರಬೇತುದಾರ್ತಿಯಾಗಿ ಮಕ್ಕಳನ್ನು ಓಡಿಸತೊಡಗಿದಳು, ಅದು ಅವಳ ಗಟ್ಟಿತನ. ವಿಶ್ವ ಅಥ್ಲೆಟಿಕ್ಸ್ ಸಂಸ್ಥೆ 2025ರ ಸೆಪ್ಟೆಂಬರ್‌ನಿಂದ ಮಹಿಳಾ ವಿಭಾಗದಲ್ಲಿ ಓಡುವವರೆಲ್ಲರಿಗೂ ವಂಶವಾಹಿ ಪರೀಕ್ಷೆಯನ್ನೇ ಕಡ್ಡಾಯ ಮಾಡಿದೆ. ಗಂಡಸು ಓಡಿದರೆ ಗಡಿಯಾರ ನೋಡುತ್ತಾರೆ. ಹೆಣ್ಣು ಓಡಿದರೆ ಅವಳ ಮೈ ನೋಡುತ್ತಾರೆ.

ಹಣವಂತ ದೇಶಗಳಲ್ಲೂ ಕಥೆ ಬೇರೆಯಲ್ಲ. ಅಮೆರಿಕದ 800 ಮೀಟರ್ ಓಟಗಾರ್ತಿ ಅಲಿಸಿಯಾ ಮೊಂಟಾನೊ 2014ರಲ್ಲಿ ಎಂಟು ತಿಂಗಳ ಗರ್ಭಿಣಿಯಾಗಿ ರಾಷ್ಟ್ರೀಯ ಕೂಟದಲ್ಲಿ ಓಡಿದಳು. ಗರ್ಭಿಣಿಯಾದರೆ ಬೂಟು ಕಂಪನಿಗಳು ಓಟಗಾರ್ತಿಯ ಹಣ ನಿಲ್ಲಿಸುತ್ತವೆ ಎಂದು 2019ರಲ್ಲಿ ಬಹಿರಂಗವಾಗಿ ಬರೆದಳು. ಗದ್ದಲವಾದ ಮೇಲೆ ಒಪ್ಪಂದದ ಷರತ್ತುಗಳು ಬದಲಾದವು. ಸುಮ್ಮನಿದ್ದಿದ್ದರೆ ಬದಲಾಗುತ್ತಿರಲಿಲ್ಲ.

ಕಾನೂನು ಏನು ಹೇಳುತ್ತದೆ?

ಠಾಣೆಯಲ್ಲಿ “ಕೇಸು ಎಲ್ಲಿಂದ ಬತ್ತದೆ” ಎಂದವರಿಗೆ ಅಂದು ಉತ್ತರ ಕೊಡಲು ನನಗೆ ತಿಳಿದಿರಲಿಲ್ಲ. ಆಮೇಲೆ ಓದಿಕೊಂಡೆ. ನೀವೂ ಓದಿಕೊಳ್ಳಿ.

1956ರ ಹಿಂದೂ ಉತ್ತರಾಧಿಕಾರ ಕಾಯಿದೆಯ 14ನೆಯ ಕಲಮಿನ ಪ್ರಕಾರ, ಹೆಣ್ಣು ತನ್ನ ಸ್ವಂತ ಕೌಶಲದಿಂದ ಅಥವಾ ಶ್ರಮದಿಂದ ಗಳಿಸಿದ ಆಸ್ತಿಗೆ ಅವಳೇ ಸಂಪೂರ್ಣ ಒಡತಿ, ಮದುವೆಗೆ ಮೊದಲು ಗಳಿಸಿದ್ದಾದರೂ ಅಷ್ಟೇ, ನಂತರದ್ದಾದರೂ ಅಷ್ಟೇ. ಓಟಗಾರ್ತಿಯ ಸಂಬಳ, ಬಹುಮಾನದ ಹಣ ಇದಕ್ಕಿಂತ ಬೇರೆ ಏನು? ಮುಸ್ಲಿಂ ಕಾನೂನಿನಲ್ಲೂ ಹೆಂಡತಿಯ ಗಳಿಕೆಯ ಮೇಲೆ ಗಂಡನಿಗೆ ಹಕ್ಕಿಲ್ಲ. ಕ್ರೈಸ್ತ ಹೆಣ್ಣುಮಕ್ಕಳಿಗೆ 1874ರಷ್ಟು ಹಳೆಯ ಕಾಯಿದೆಯೇ ಇದೆ. 1961ರ ವರದಕ್ಷಿಣೆ ನಿಷೇಧ ಕಾಯಿದೆ, ತಿದ್ದುಪಡಿಯಾದ ಮೇಲೆ, ಮದುವೆಯ ಮೊದಲು ಅಥವಾ ಮದುವೆಯ ವೇಳೆ ಕೊಟ್ಟದ್ದನ್ನು ಮಾತ್ರವಲ್ಲ, ಮದುವೆಯ ಸಂಬಂಧವಾಗಿ ಅದರ ನಂತರ ಯಾವಾಗ ಕೊಟ್ಟದ್ದನ್ನೂ ವರದಕ್ಷಿಣೆ ಎನ್ನುತ್ತದೆ. 1983ರಲ್ಲಿ ಬಂದ 498ಎ ಕಲಮಿಗೆ ವರದಕ್ಷಿಣೆಯ ಲೆಕ್ಕ ಇರಲೇಬೇಕೆಂದಿಲ್ಲ, ಗಂಡನ ಮನೆಯವರ ಕ್ರೌರ್ಯವೇ ಸಾಕು. 2024ರ ಜುಲೈಯಿಂದ ಅದು ಭಾರತೀಯ ನ್ಯಾಯ ಸಂಹಿತೆಯ 85 ಮತ್ತು 86ನೆಯ ಕಲಮುಗಳಾಗಿದೆ. 2005ರ ಕೌಟುಂಬಿಕ ದೌರ್ಜನ್ಯ ಕಾಯಿದೆ ಆರ್ಥಿಕ ದೌರ್ಜನ್ಯವನ್ನೂ ದೌರ್ಜನ್ಯವೆಂದು ಎಣಿಸುತ್ತದೆ. ಸಂಬಳ ಕಿತ್ತುಕೊಳ್ಳುವುದು, ಕೆಲಸ ಮುಂದುವರಿಸದಂತೆ ತಡೆಯುವುದು, ಇವೆರಡೂ ದೂರಿನ ನಮೂನೆಯಲ್ಲೇ ಅಚ್ಚಾಗಿವೆ. ಓಟಗಾರ್ತಿಗೆ ಓಟವೇ ಕೆಲಸ. ಅಭ್ಯಾಸಕ್ಕೆ ಬಿಡದಿರುವುದು ಬಡಗಿಯ ಉಳಿ ಕಿತ್ತುಕೊಂಡಂತೆ.

ಇಷ್ಟೆಲ್ಲ ಕಾನೂನಿದ್ದೂ ನಮ್ಮ ಹುಡುಗಿಯರ ಕೈಗೆ ಅದು ತಲುಪಿಲ್ಲ. ತಲುಪಿಸಬೇಕಾದವರು ನಾವು. ಇಲ್ಲಿ ನಮ್ಮ ಚಳವಳಿಯನ್ನೂ ನಾನು ಬಿಡುವುದಿಲ್ಲ. ಕ್ರೀಡೆ ಎಂದರೆ ಸ್ಪರ್ಧೆ, ಪದಕ, ದೇಶದ ಬಾವುಟ, ಅದು ನಮ್ಮ ವಿಷಯವಲ್ಲ ಎಂದು ದೂರವಿಟ್ಟೆವು. ಗಾರ್ಮೆಂಟ್ಸ್ ಹೆಣ್ಣುಮಗಳನ್ನು ಕಾರ್ಮಿಕಳು ಎಂದು ಗುರುತಿಸಿದ ನಮಗೆ, ದಿನಕ್ಕೆರಡು ಸಲ ಮೈ ಮುರಿದು ದುಡಿಯುವ ಓಟಗಾರ್ತಿಯೂ ಕಾರ್ಮಿಕಳು ಎಂದು ಕಾಣಲಿಲ್ಲ. ಸತ್ತವಳ ಹೆಣದ ಮುಂದೆ ಧರಣಿ ಕೂರುವುದನ್ನು ಕಲಿತೆವು. ಬದುಕಿರುವವಳ ಪಾಸ್‌ಬುಕ್ ಯಾರ ಬೀರುವಿನಲ್ಲಿದೆ ಎಂದು ಕೇಳುವುದನ್ನು ಕಲಿಯಲಿಲ್ಲ.

ಆದ್ದರಿಂದ ನನ್ನ ಒತ್ತಾಯಗಳು ಇವು. ಕ್ರೀಡಾ ಕೋಟಾದಲ್ಲಿ ನೇಮಕವಾಗುವ ಪ್ರತಿ ಹೆಣ್ಣುಮಗಳ ಸಂಬಳ ಅವಳೊಬ್ಬಳ ಹೆಸರಿನ ಖಾತೆಗೆ ಹೋಗಬೇಕು. ನೇಮಕಾತಿ ಪತ್ರದ ಜೊತೆಗೇ ಅವಳ ಹಕ್ಕುಗಳ ಕನ್ನಡ ಕೈಪಿಡಿ ಮತ್ತು ತಾಲ್ಲೂಕಿನ ಸಂರಕ್ಷಣಾಧಿಕಾರಿಯ ವಿಳಾಸ ಕೊಡಬೇಕು. ಅಭ್ಯಾಸ ನಿಲ್ಲಿಸಿದ ಓಟಗಾರ್ತಿಗೆ ಇಲಾಖೆ ನೋಟೀಸು ಕಳಿಸುವ ಮೊದಲು ಒಬ್ಬ ಮಹಿಳಾ ಅಧಿಕಾರಿ ಅವಳನ್ನು ಒಬ್ಬಳನ್ನೇ ಕಂಡು ಕಾರಣ ಕೇಳಬೇಕು. ಕಾಲೇಜುಗಳಲ್ಲಿ ಹುಡುಗಿಯರಿಗೆ ದೈಹಿಕ ಶಿಕ್ಷಕಿಯರೇ ಇರಬೇಕು, ನನ್ನಂಥ ಚೀಲ ಕಾಯುವವಳು ಸಾಲದು. ಮದುವೆಯ ಉಡುಗೊರೆಗಳ ಪಟ್ಟಿ ಮಾಡಿಡಬೇಕೆಂದು 1985ರ ನಿಯಮವೇ ಇದೆ. ಓಟಗಾರ್ತಿಯ ಮದುವೆಯಲ್ಲಿ ಅದರ ಜೊತೆಗೆ ಅವಳ ಪದಕ, ಪ್ರಮಾಣಪತ್ರಗಳ ಪಟ್ಟಿಯನ್ನೂ ಬರೆದು ಎರಡು ಕಡೆಯವರೂ ರುಜು ಹಾಕಲಿ. ಸುಟ್ಟರೆ ಏನು ಸುಟ್ಟರೆಂಬುದಕ್ಕಾದರೂ ದಾಖಲೆ ಇರುತ್ತದೆ.

ನನ್ನ ವಿದ್ಯಾರ್ಥಿನಿ ಬದುಕಿದ್ದಾಳೆ. ಬೇರೆ ಊರಿಗೆ ವರ್ಗ ಮಾಡಿಸಿಕೊಂಡು ಅದೇ ಇಲಾಖೆಯಲ್ಲಿ ದುಡಿಯುತ್ತಿದ್ದಾಳೆ. ಬೇರ್ಪಡುವ ಹೊತ್ತಿಗೆ ಅವಳಿಗೆ ಇಪ್ಪತ್ತೇಳು ದಾಟಿತ್ತು. ಕೋರ್ಟು ಮುಗಿಯುವ ಹೊತ್ತಿಗೆ ಮೂವತ್ತು ದಾಟಿತ್ತು. ಮತ್ತೆ ಸ್ಪರ್ಧೆಗೆ ಇಳಿಯಲಿಲ್ಲ. ಭಾನುವಾರಗಳಂದು ಒಂದು ಸರ್ಕಾರಿ ಶಾಲೆಯ ಮೈದಾನದಲ್ಲಿ ಸುಣ್ಣದ ಗೆರೆ ಹಾಕಿ, ಸ್ಟಾಪ್‌ವಾಚ್ ಹಿಡಿದು ಹುಡುಗಿಯರನ್ನು ಓಡಿಸುತ್ತಾಳೆ. ಇದನ್ನು ಬರೆಯಲೇ ಎಂದು ಕೇಳಿದಾಗ, “ಬರೀರಿ ಮೇಡಂ, ಹೆಸರು ಬ್ಯಾಡ. ಆದ್ರೆ ನೀವು ಹೇಳಿದ್ ಮಾತನ್ನೂ ಬರೀರಿ” ಎಂದಳು. ಬರೆದಿದ್ದೇನೆ.

ಇದನ್ನು ಓದುವ ಅಧ್ಯಾಪಕಿಯರಿಗೆ ಒಂದು ಮಾತು. ಓಡುವ ಹುಡುಗಿಯೊಬ್ಬಳ ಲಗ್ನಪತ್ರಿಕೆ ನಿಮ್ಮ ಮೇಜಿನ ಮೇಲೆ ಬಂದರೆ, ಹೂವು ಮುಡಿದು ಊಟಕ್ಕೆ ಹೋಗುವ ಮೊದಲು ಅವಳನ್ನು ಒಬ್ಬಳನ್ನೇ ಕೂರಿಸಿ ಕೇಳಿ. ಸಂಬಳದ ಖಾತೆ ಯಾರ ಹೆಸರಿನಲ್ಲಿರುತ್ತದೆ? ಬೆಳಗಿನ ಅಭ್ಯಾಸದ ಮಾತನ್ನು ಗಂಡಿನ ಮನೆಯವರ ಮುಂದೆ ಬಾಯಿಬಿಟ್ಟು ಆಡಿದ್ದೀಯಾ? ಏನಾದರೂ ಆದರೆ ರಾತ್ರಿ ಹೊತ್ತು ಯಾರ ಮನೆಯ ಬಾಗಿಲು ತಟ್ಟುತ್ತೀಯ? ಮೂರನೆಯ ಪ್ರಶ್ನೆಗೆ ಅವಳಲ್ಲಿ ಉತ್ತರವಿಲ್ಲದಿದ್ದರೆ ನಿಮ್ಮ ವಿಳಾಸ ಬರೆದುಕೊಡಿ. ಅವಳು ಬಂದ ದಿನ ಬಾಗಿಲು ತೆಗೆಯಿರಿ, ಹೊಂದಿಕೊಂಡು ಹೋಗು ಎನ್ನಬೇಡಿ.